ಅತ್ತೆ ಗೆದ್ದ ಹಂದಿಯ ತೊಡೆ

ಒಂದು ಸ್ವಾತಂತ್ರ್ಯ ದಿನದ ಮಧ್ಯಾಹ್ನ, ಪುಣೆಯ ಒಂದು ಬಂಗಲೆಯಲ್ಲಿ, ಕೊರಳಲ್ಲಿ ಲಿಂಗ ಧರಿಸಿದ ನನ್ನ ಅತ್ತೆ ಇಸ್ಪೀಟಿನಾಟದಲ್ಲಿ ಹಂದಿಯ ತೊಡೆ ಗೆದ್ದರು. ಈ ವಿಷಯವನ್ನು ವಿಜಯಪುರದ ಬಳಗದವರಲ್ಲಿ ಯಾರಿಗೂ ಹೇಳಕೂಡದೆಂದು ನನ್ನಿಂದ ಆಣೆ ಮಾಡಿಸಿಕೊಂಡಿದ್ದಾರೆ. ಬರೆಯಬಾರದು ಎಂದು ಮಾತ್ರ ಹೇಳಿಲ್ಲ.

ನಾನು ಪುಣೆಯ ಹೊರವಲಯದ ಒಂದು ಇಟಾಲಿಯನ್ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದೇನೆ. ಕಾಲೇಜಿಗೆಂದು ಈ ಊರಿಗೆ ಬಂದಾಗ ಗೆಳತಿಯೊಬ್ಬಳ ಒತ್ತಾಯಕ್ಕೆ ಇಟಾಲಿಯನ್ ಭಾಷೆಯ ತರಗತಿ ಸೇರಿದ್ದೆ. ಗೆಳತಿ ಎರಡನೇ ವಾರಕ್ಕೇ ಬಿಟ್ಟಳು. ನಾನು ಬಿಡಲಿಲ್ಲ; ಅದೇ ಹೊಟ್ಟೆಪಾಡಾಯಿತು. ಇಟಲಿಯಿಂದ ಬರುವ ಎಂಜಿನಿಯರುಗಳ ಸಂಸಾರಕ್ಕೆ ಮನೆ ಹುಡುಕಿಕೊಡುವುದು, ಗ್ಯಾಸು ಹಾಕಿಸುವುದು, ಮಕ್ಕಳಿಗೆ ಶಾಲೆ ನೋಡುವುದು, ಮನೆಗೆಲಸದವರಿಗೂ ಯಜಮಾನತಿಗೂ ನಡುವೆ ನಿಂತು ಇಬ್ಬರ ಮಾತನ್ನೂ ಸ್ವಲ್ಪ ಮೆತ್ತಗೆ ಮಾಡಿ ದಾಟಿಸುವುದು, ಇದು ನನ್ನ ಉದ್ಯೋಗ.

ಹೀಗೆ ಅವರೊಡನೆ ವರ್ಷಗಟ್ಟಲೆ ಒಡನಾಡಿ ಅವರ ರೀತಿರಿವಾಜುಗಳೆಲ್ಲ ನನಗೆ ಮನೆಯವಾಗಿ ಹೋಗಿವೆ. ಪುಣೆಯಲ್ಲಿ ಅವರ ಸಂಸಾರಗಳು ಹೆಚ್ಚಿಲ್ಲ. ಇರುವವರು ಮಾತ್ರ ಭಾನುವಾರ ತಪ್ಪದೆ ಯಾರದಾದರೊಬ್ಬರ ಮನೆಯಲ್ಲಿ ಕೂಡುತ್ತಾರೆ. ಒಂದು ಗಂಟೆಗೆ ಉಣ್ಣಲು ಕೂತರೆ ನಾಲ್ಕಾದರೂ ಮೇಜು ಬಿಟ್ಟು ಏಳುವುದಿಲ್ಲ. ಉಣ್ಣುತ್ತ ಹಿಂದೊಮ್ಮೆ ಉಂಡದ್ದರ ಬಗ್ಗೆ ಮಾತಾಡುತ್ತಾರೆ. ಉಪ್ಪಿನ ಬಟ್ಟಲನ್ನು ಕೈಯಿಂದ ಕೈಗೆ ಕೊಡುವುದಿಲ್ಲ, ಜಗಳವಾಗುತ್ತದಂತೆ. ಮೇಜಿನ ಮೇಲಿಟ್ಟು ಸರಿಸುತ್ತಾರೆ. ಮಂಚದ ಮೇಲೆ ಟೊಪ್ಪಿಗೆ ಇಟ್ಟರೆ ಸಾವಿನ ಸೂಚನೆ ಎಂದು ಗದರುತ್ತಾರೆ. ಹಾಲು ಹಾಕಿದ ಕಾಫಿ ಮುಂಜಾನೆ ಮಾತ್ರ. ಊಟವಾದ ಮೇಲೆ ಹಾಲು ಕೇಳುವವನನ್ನು ಕಾಯಿಲೆಯವನಂತೆ ನೋಡುತ್ತಾರೆ. ಬರುವಾಗ, ಹೊರಡುವಾಗ ಪ್ರತಿಯೊಬ್ಬರಿಗೂ ಎರಡೂ ಕೆನ್ನೆಗೆ ಕೆನ್ನೆ ತಾಗಿಸಬೇಕು. ಮೂವತ್ತು ಜನ ಸೇರಿದ್ದರೆ ಹೊರಡುವುದಕ್ಕೇ ಅರ್ಧ ಗಂಟೆ ಬೇಕು.

ಅತ್ತೆ ನಮ್ಮಲ್ಲಿಗೆ ಬಂದದ್ದು ಒಂದು ತಿಂಗಳಿಗೆಂದು. ಸ್ವಾರಗೇಟಿನಲ್ಲಿ ಬಸ್ಸಿನಿಂದಿಳಿದವರೇ, "ಇಲ್ಲಿ ನನಗ ಮಾತಾಡಾಕ ಯಾರರ ಸಿಗ್ತಾರೇನ?" ಎಂದು ಕೇಳಿದ್ದರು. ನಮ್ಮ ಮನೆ ಹಡಪಸರದ ಕಡೆ, ನಾಲ್ಕನೇ ಮಹಡಿ. ಗಂಡ, ನಾನು ಇಬ್ಬರೂ ಬೆಳಿಗ್ಗೆ ಹೊರಟರೆ ಸಂಜೆಗೇ ಮನೆಗೆ. ಅತ್ತೆ ಬೇಸರಪಟ್ಟು ಹೊರಟುಬಿಡುತ್ತಾರೆ ಎಂದು ನಾವು ಅಂದುಕೊಂಡಿದ್ದಾಗಲೇ ಐದನೇ ಮಹಡಿಯಲ್ಲಿದ್ದ ನಮ್ಮ ಕಾರ್ಖಾನೆಯ ಎಂಜಿನಿಯರನ ತಾಯಿ ಇಟಲಿಯಿಂದ ಬಂದಿಳಿದಳು. ಎಪ್ಪತ್ತಾರರ ಅಜ್ಜಿ. ಗಿಡ್ಡ ಆಳು, ಕಪ್ಪು ಉಡುಪು, ಕಿವಿಯಲ್ಲಿ ಚಿನ್ನದ ಬೆಂಡೋಲೆ. ಎರಡು ಪೆಟ್ಟಿಗೆ ತಂದಿದ್ದಳು. ಒಂದರಲ್ಲಿ ಬಟ್ಟೆ, ಇನ್ನೊಂದರ ತುಂಬ ತಿನಿಸು. ಮಗ ಇಲ್ಲಿ ಉಪವಾಸವಿದ್ದಾನೆ ಎಂದು ಅವಳ ನಂಬಿಕೆ.

ಇಬ್ಬರೂ ಮೊದಲು ಎದುರಾದದ್ದು ಲಿಫ್ಟಿನಲ್ಲಿ. ನಾನು ಪರಿಚಯಿಸಿದೆನೋ ಇಲ್ಲವೋ, ಅಜ್ಜಿ ಅತ್ತೆಯ ಎರಡೂ ಕೆನ್ನೆಗೆ ಲೊಚಲೊಚ ಮುತ್ತಿಟ್ಟಳು. ಅತ್ತೆ ಮನೆಗೆ ಬಂದವರೇ ಸೆರಗಿನಿಂದ ಕೆನ್ನೆ ಒರೆಸಿಕೊಂಡರು.

"ಯವ್ವಾ, ಯಾರಾಕಿ? ಗುರ್ತಿಲ್ಲ ಪರಿಚಯಿಲ್ಲ, ಮುದ್ದ ಕೊಟ್ಟಳಲ್ಲ!"

"ಅವರ ಪದ್ಧತಿ ಹಂಗ ಅದರಿ, ಅತ್ತಿ."

"ಪದ್ಧತಿ ಅಂದ್ರ ಒಂದ ಸಾಕಾಗ್ತಿರಲಿಲ್ಲೇನ? ಎರಡ್ಯಾಕ?"

ಮೂರನೇ ದಿನ ಅಜ್ಜಿ ಒಂದೇ ಕೆನ್ನೆಗೆ ನಿಲ್ಲಿಸಿದಾಗ ಅತ್ತೆ ತಾವೇ ಇನ್ನೊಂದು ಕೆನ್ನೆ ತಿರುಗಿಸಿ ಕಾದು ನಿಂತದ್ದನ್ನು ನಾನು ಕಣ್ಣಾರೆ ಕಂಡೆ.

ಗೆಳೆತನ ಗಟ್ಟಿಯಾದದ್ದು ತಲೆನೋವಿನಿಂದ. ಒಂದು ಶನಿವಾರ ಅಜ್ಜಿಗೆ ತಲೆ ಸಿಡಿಯುತ್ತಿತ್ತು. ಅವಳು ತಟ್ಟೆಯಲ್ಲಿ ನೀರು ಹಾಕಿ, ಬೆರಳ ತುದಿಯಿಂದ ಎಣ್ಣೆಯ ಹನಿ ಬಿಟ್ಟು, ಹನಿ ಹರಡಿದ ರೀತಿ ನೋಡಿ, ಯಾರದೋ ಕಣ್ಣು ತಗುಲಿದೆ ಎಂದು ತೀರ್ಮಾನಿಸಿದಳು. ಮಗ ನಾಚಿಕೆಯಿಂದ ಗೋಡೆ ನೋಡುತ್ತಿದ್ದ. ಅತ್ತೆ ತಟ್ಟೆಗೆ ಬಗ್ಗಿ ನೋಡಿ, "ಕಣ್ಣ ಅದ, ಖರೇ. ಆದ್ರ ಎಣ್ಣಿ ಹನಿಗೆ ಹೋಗೂ ಕಣ್ಣಲ್ಲ ಇದು" ಎಂದು ಕೆಳಗೆ ಬಂದು ಉಪ್ಪು, ಒಣಮೆಣಸಿನಕಾಯಿ ಒಯ್ದು ಅಜ್ಜಿಯ ಸುತ್ತ ಮೂರು ಸಲ ಇಳಿತೆಗೆದು ಒಲೆಗೆ ಹಾಕಿದರು. ಇಡೀ ಮನೆಗೆ ಘಾಟು ಹತ್ತಿತು. ಕೆಮ್ಮಿ ಕೆಮ್ಮಿ ಅಜ್ಜಿಯ ತಲೆನೋವು ಹೋಯಿತು. ಯಾವ ಔಷಧದಿಂದ ಹೋಯಿತು ಎಂಬುದರಲ್ಲಿ ಇಬ್ಬರಿಗೂ ಸಂಶಯವಿರಲಿಲ್ಲ, ಪ್ರತಿಯೊಬ್ಬರಿಗೂ ತಮ್ಮದೇ.

ಅಲ್ಲಿಂದ ದಿನಾ ಬೆಳಿಗ್ಗೆ ಕೆಳಗಿನ ತೋಟದಲ್ಲಿ ಇಬ್ಬರೂ ಸುತ್ತು ಹಾಕತೊಡಗಿದರು. ಅತ್ತೆ ಸುತ್ತುಗಳನ್ನು ಗಟ್ಟಿಯಾಗಿ ಎಣಿಸುವರು, ಅಜ್ಜಿ ಹಿಂದಿನಿಂದ ಅದನ್ನೇ ಹೇಳುವಳು. ಹದಿನೈದು ದಿನದಲ್ಲಿ ಅಜ್ಜಿಗೆ ಹತ್ತರವರೆಗೆ ಕನ್ನಡ ಅಂಕಿ ಬಂತು. 'ಅದ', 'ಇಲ್ಲ', 'ಬ್ಯಾಡ' ಕೂಡ ಬಂದವು. ಸಂಸಾರ ನಡೆಸಲು ಇಷ್ಟು ಸಾಕು ಎಂದು ಅತ್ತೆ ಹೇಳುತ್ತಿದ್ದರು.

ಆಮೇಲೆ ಅಜ್ಜಿ ತನ್ನ ಇಸ್ಪೀಟು ಕಟ್ಟು ಬಿಚ್ಚಿದಳು. ನಮ್ಮ ಎಲೆಗಳಂತಲ್ಲ ಅವು. ನಾಣ್ಯ, ಬಟ್ಟಲು, ಕತ್ತಿ, ದೊಣ್ಣೆಯ ಚಿತ್ರಗಳು. ರಾಜ ಇದ್ದಾನೆ, ಕುದುರೆ ಸವಾರ ಇದ್ದಾನೆ, ಗುಲಾಮ ಇದ್ದಾನೆ, ರಾಣಿ ಇಲ್ಲ. ಬ್ರಿಸ್ಕೊಲಾ ಎಂಬ ಆಟ. ಅದರಲ್ಲಿ ತುರುಫಿನ ಎಕ್ಕ ಎಲ್ಲಕ್ಕೂ ದೊಡ್ಡದು, ಅದರ ನಂತರ ಮೂರು. ರಾಜ ಮೂರಕ್ಕೂ ಕೆಳಗೆ. ನಾನು ಇದನ್ನು ವಿವರಿಸಿದಾಗ ಅತ್ತೆ ರಾಜನ ಎಲೆಯನ್ನು ಎತ್ತಿ ತಿರುಗಿಸಿ ನೋಡಿದರು.

"ಮನ್ಯಾಗ ರಾಣಿ ಇಲ್ಲದ ರಾಜಾ ಮೂರಕ್ಕ ಹೆದರಾವನ. ಸುಳ್ಳಲ್ಲ ಬಿಡು" ಎಂದರು.

ಅತ್ತೆಗೆ ಎಲೆಯಾಟ ಹೊಸದಲ್ಲ. ಚಿಕ್ಕಂದಿನಲ್ಲಿ ಅಣ್ಣಂದಿರು ಆಡುವಾಗ ನೀರು ಕೊಡುವ ನೆಪದಲ್ಲಿ ಅವರ ಬೆನ್ನ ಹಿಂದೆ ನಿಂತು, ಕಿರಿಯ ತಮ್ಮನಿಗೆ ಹುಬ್ಬಿನಲ್ಲೇ ಎಲ್ಲರ ಎಲೆ ಹೇಳುತ್ತಿದ್ದರಂತೆ. ಇದನ್ನು ಅವರು ನನಗೆ ಹೇಳಿದ್ದು ತಪ್ಪೊಪ್ಪಿಗೆಯಾಗಿ ಅಲ್ಲ, ತಮ್ಮನ ಮೇಲಿನ ಪ್ರೀತಿಯ ಉದಾಹರಣೆಯಾಗಿ.

ಬ್ರಿಸ್ಕೊಲಾದಲ್ಲಿ ಅಂಥವರಿಗೆ ಮರ್ಯಾದೆಯೂ ಇದೆ. ನಾಲ್ವರು ಆಡುವಾಗ ಎದುರು ಬದುರು ಕೂತ ಜೊತೆಗಾರರು ಒಬ್ಬರಿಗೊಬ್ಬರು ಮುಖದಲ್ಲಿ ಸನ್ನೆ ಮಾಡಬಹುದು. ಅದು ಮೋಸವಲ್ಲ, ಆಟದ ಭಾಗ. ಎಕ್ಕ ಇದ್ದರೆ ತುಟಿ ಮುಂದೆ ಚಾಚಬೇಕು, ಮೂರಿದ್ದರೆ ಬಾಯಿ ಒಂದು ಬದಿಗೆ ಸೊಟ್ಟ ಮಾಡಬೇಕು, ರಾಜನಿದ್ದರೆ ಕಣ್ಣು ಮೇಲೆತ್ತಬೇಕು. ಎದುರಾಳಿ ನೋಡದಂತೆ ಮಾಡಬೇಕು, ಅಷ್ಟೆ. ಮಾತು ಮಾತ್ರ ಕೂಡದು. ಆದರೆ ಅತ್ತೆಯ ಬಾಯಲ್ಲಿ ಸದಾ ಎಲೆ-ಅಡಿಕೆ. ಅವರ ಬಾಯಿ ಎಡಕ್ಕೊಮ್ಮೆ ಬಲಕ್ಕೊಮ್ಮೆ ತಾನಾಗಿಯೇ ಸೊಟ್ಟಗಾಗುತ್ತಿತ್ತು. ಕೈಯಲ್ಲಿ ಏನೂ ಇಲ್ಲದಾಗಲೂ ಅಜ್ಜಿಗೆ ಮೂರು ಮೂರು ಎಂದು ಸುದ್ದಿ ಹೋಗುತ್ತಿತ್ತು. ಅಜ್ಜಿ ಹಣೆ ಚಚ್ಚಿಕೊಳ್ಳುವಳು. ಅಡಿಕೆ ಬಿಡುವ ಮಾತೆತ್ತಿದರೆ ಅತ್ತೆ, "ಆಟಾನೇ ಬಿಡ್ತೀನಿ" ಎನ್ನುವರು. ಇಬ್ಬರೂ ಬೇರೆ ಏನೋ ಉಪಾಯ ಹುಡುಕಿಕೊಂಡಿದ್ದರು. ಅದು ನನಗೆ ಗೊತ್ತಿರಲಿಲ್ಲ.

ಆಗಸ್ಟ್ ಹದಿನೈದು ಇಟಲಿಯವರಿಗೂ ದೊಡ್ಡ ಹಬ್ಬ. ಅವರ ಊರಲ್ಲಿ ಅಂದು ಬೇಸಿಗೆಯ ರಜೆ, ಸಮುದ್ರ, ಬಯಲೂಟ. ಪುಣೆಯಲ್ಲಿ ಅಂದು ಮಳೆ. ಹಾಗಾಗಿ ಕಾರ್ಖಾನೆಯ ಮುಖ್ಯಸ್ಥನ ಬಂಗಲೆಯಲ್ಲಿ ಎಲ್ಲರೂ ಸೇರಿ, ಉಂಡು, ಬ್ರಿಸ್ಕೊಲಾ ಪಂದ್ಯ ಆಡುವುದು ರೂಢಿ. ಮುಖ್ಯಸ್ಥ ನನ್ನ ಮೇಲಧಿಕಾರಿಯೂ ಹೌದು. ಎತ್ತರದ ಆಳು, ಉದ್ದ ಮೂಗು, ಕಾರ್ಖಾನೆಯಲ್ಲಿ ಒಂದು ಬೋಲ್ಟು ಕಡಿಮೆಯಾದರೂ ಅವನಿಗೆ ಕನಸಿನಲ್ಲೇ ತಿಳಿಯುತ್ತದೆ ಎಂದು ಪ್ರತೀತಿ. ಪ್ರತಿ ವರ್ಷ ಪಂದ್ಯ ಗೆಲ್ಲುತ್ತಿದ್ದವನು ಅವನೇ. ಆ ವರ್ಷ ಅಜ್ಜಿಯ ಮಗನಿಗೆ ಜ್ವರ ಬಂತು. ಜೊತೆಗಾರನಿಲ್ಲದ ಅಜ್ಜಿ ಅತ್ತೆಯ ಹೆಸರು ಕೊಟ್ಟುಬಿಟ್ಟಳು.

"ಅತ್ತಿ, ಅಲ್ಲಿ ಮಾಂಸದ ಅಡಗಿ ಇರ್ತದರಿ."

"ನಾ ಎಲಿ ಆಡಾಕ ಹೊಂಟೀನಿ. ಉಣ್ಣಾಕಲ್ಲ."

ಬೆಳಿಗ್ಗೆ ನಮ್ಮ ಸೊಸೈಟಿಯಲ್ಲಿ ಧ್ವಜ ಹಾರಿಸಿ, ಪೇಡೆ ತಿಂದು, ಅತ್ತೆ ಇಳಕಲ್ ಸೀರೆ ಉಟ್ಟು, ಖಡಕ್ ರೊಟ್ಟಿ, ಶೇಂಗಾ ಚಟ್ನಿಯ ಡಬ್ಬಿ ಹಿಡಿದು ಕಾರು ಹತ್ತಿದರು. ಊಟದ ಮೇಜಿನಲ್ಲಿ ಇಟಲಿಯವರು ಆ ಡಬ್ಬಿಯನ್ನು ಮುತ್ತಿಕೊಂಡು, ಚಟ್ನಿಗೆ ಅವರ ಆಲಿವ್ ಎಣ್ಣೆ ಸುರಿದು, ಬ್ರೆಡ್ಡಿಗೆ ಹಚ್ಚಿ ತಿಂದು ಖಾಲಿ ಮಾಡಿದರು. ಅತ್ತೆಗೆ ಸಂತೋಷವಾಯಿತು. ಊಟ ಮುಗಿದ ಮೇಲೆ ಸಹಜವಾಗಿ, "ಒಂದೀಟ ಚಾ ಕೊಡಾಕ ಹೇಳ" ಎಂದರು. ನಾನು ಹೇಳಿದೆ. ಮುಖ್ಯಸ್ಥ ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡ. ಊಟವಾದ ಮೇಲೆ ಹಾಲೇ? ಕರುಳು ಏನಾಗಬೇಕು? ತನ್ನ ಮನೆಯಲ್ಲಿ ಅತಿಥಿಯ ಆರೋಗ್ಯ ತನ್ನ ಹೊಣೆ ಎಂದು, ಹೆಬ್ಬೆರಳ ಗಾತ್ರದ ಬಟ್ಟಲಲ್ಲಿ ಕರಿ ಕಾಫಿ ತರಿಸಿದ.

ಅತ್ತೆ ಬಟ್ಟಲೊಳಗೆ ಇಣುಕಿದರು. "ಇದನ್ನ ಕುಡೀಬೇಕೋ, ಕಣ್ಣಿಗೆ ಬಿಟ್ಕೋಬೇಕೋ?"

ಕಾಫಿ ತಂದ ಅಡುಗೆಯಾಕೆ ತಟ್ಟನೆ ನಕ್ಕಳು. ಯಾದಗಿರಿ ಕಡೆಯ ಹೆಂಗಸು. ಗಂಡ ಕಟ್ಟಡ ಕೆಲಸದ ಮೇಸ್ತ್ರಿ, ಇವಳು ನಾಲ್ಕು ವರ್ಷದಿಂದ ಆ ಬಂಗಲೆಯ ಅಡುಗೆಯಲ್ಲಿದ್ದಳು. "ಅವ್ವಾರ, ಹಿಂದ ಬರ್ರಿ, ನಾ ಚಾ ಮಾಡಿ ಕೊಡ್ತೀನಿ" ಎಂದು ಪಿಸುಗುಟ್ಟಿದಳು.

"ಕದ್ದ ಕುಡಿಯೂ ಚಾ ನನಗ ಬ್ಯಾಡ ತಂಗಿ" ಎಂದು ಅತ್ತೆ ಸೆಟೆದು ಕೂತರು. ಅವರಿಗೆ ಸಿಟ್ಟು ಬಂದಿತ್ತು.

ಆ ಸಿಟ್ಟಿನಲ್ಲೇ ಎರಡು ಪಂದ್ಯ ಗೆದ್ದರು. ಕೊನೆಯ ಪಂದ್ಯಕ್ಕೆ ಎದುರಾದವನು ಮುಖ್ಯಸ್ಥ. ಅವನ ಜೊತೆಗಾರ್ತಿ ಒಬ್ಬ ವೃದ್ಧ ಇಟಾಲಿಯನ್ ಸನ್ಯಾಸಿನಿ, ಕಾನ್ವೆಂಟಿನಿಂದ ಹಬ್ಬಕ್ಕೆಂದು ಕರೆಸಿದ್ದವರು. ಅತ್ಯಂತ ಸೌಮ್ಯ ಮುಖ, ಮಾತು ಕಡಿಮೆ. ಎಲ್ಲರೂ ಸುತ್ತ ಕುರ್ಚಿ ಎಳೆದುಕೊಂಡರು. ಅತ್ತೆಗೆ ಏನಾದರೂ ತಿಳಿಯದಿದ್ದರೆ ಹೇಳಲೆಂದು ನನ್ನನ್ನು ಪಕ್ಕದಲ್ಲೇ ಕೂರಿಸಿದರು.

ಮುಖ್ಯಸ್ಥ ಎಲೆ ಹಂಚಿದ. ಅತ್ತೆ ಮೂರು ಎಲೆ ಎತ್ತಿಕೊಂಡರು, ನೋಡಿದರು, ಕಣ್ಣು ಮುಚ್ಚಿದರು. ದೇವರ ಮನೆಯ ರಾಗದಲ್ಲಿ ಗೊಣಗಿದರು:

"ಶಿವಶಿವಾ... ಒಂದ ಅದ ನನ್ನಪ್ಪಾ... ಒಂದ ಅದ..."

ಒಂದು ಎಂದರೆ ಎಕ್ಕ; ಅವರಿಬ್ಬರ ಉಪಾಯ ನನಗೆ ಆಗ ಹೊಳೆಯಿತು. ಎದುರಿಗೆ ಅಜ್ಜಿ ನಿರಾಳವಾಗಿ ತನ್ನ ದೊಡ್ಡ ಎಲೆ ಇಳಿಸಿದಳು. ಅತ್ತೆ ತುರುಫಿನ ಎಕ್ಕ ಬಡಿದು ಪಟ್ಟು ಎತ್ತಿದರು. ಮುಂದಿನ ಸುತ್ತಿನಲ್ಲಿ, "ಏನೂ ಇಲ್ಲ ತಂದೇ, ಏನೂ ಇಲ್ಲ" ಎಂಬ ವೈರಾಗ್ಯದ ಧ್ವನಿ. ಅಜ್ಜಿ ಸಣ್ಣ ಎಲೆ ಹಾಕಿದಳು.

ಮುಖ್ಯಸ್ಥ ನನ್ನ ಕಡೆ ತಿರುಗಿ ಇಟಾಲಿಯನ್ನಿನಲ್ಲಿ ಕೇಳಿದ: "ಏನು ಹೇಳುತ್ತಿದ್ದಾರೆ?"

ಮೇಲಧಿಕಾರಿ ಅತ್ತ, ಅತ್ತೆ ಇತ್ತ. ಸಂಬಳ ಕೊಡುವವನು ತಿಂಗಳಿಗೊಮ್ಮೆ ಸಿಗುತ್ತಾನೆ, ಅತ್ತೆ ದಿನವೂ ಸಿಗುತ್ತಾರೆ. "ಪ್ರಾರ್ಥನೆ" ಎಂದೆ.

ಆಗ ಅಡುಗೆಯಾಕೆ ಕರಬೂಜದ ತಟ್ಟೆ ಹಿಡಿದು ಮೇಜು ಸುತ್ತಿದಳು. ನಾಲ್ಕು ವರ್ಷ ಆ ಮನೆಯ ಆಟ ನೋಡಿ ಅವಳಿಗೆ ಎಲ್ಲವೂ ತಿಳಿದಿತ್ತು. ಮುಖ್ಯಸ್ಥನ ಬೆನ್ನ ಹಿಂದೆ ನಿಂತು, ಹಣ್ಣು ಕೊಡುತ್ತ, ಅತ್ತೆಯ ರಾಗಕ್ಕೇ ರಾಗ ಕೂಡಿಸಿದಳು:

"ತಾಯೀ... ಸಾಹೇಬ್ರ ಕೈಯಾಗ ಮೂರ ಅದ... ಕಾಪಾಡ ನನ್ನ ತಾಯೀ..."

ಮುಖ್ಯಸ್ಥ ಎಲೆಗಳನ್ನು ಎದೆಗೊತ್ತಿಕೊಂಡು ಅವಳತ್ತ ತಿರುಗಿದ. "ಯೇ ಕ್ಯಾ ಹೈ?"

"ಭಜನ್ ಹೈ ಸಾಬ್."

"ತುಮ್ ಕ್ಯೋಂ?"

"ಭಜನ್ ಮೇಂ ಪೀಛೇ ಸೇ ಕಿಸೀ ಕೋ ತೋ ಗಾನಾ ಪಡತಾ ಹೈ, ಸಾಬ್" ಎಂದು ಅವಳು ವಿನಯದಿಂದ ತಲೆಬಾಗಿ ಒಳಗೆ ನಡೆದಳು. ಭಜನೆಗೆ ಹಿಮ್ಮೇಳ ಬೇಡವೇ ಎಂಬ ಮಾತಿಗೆ ಅವನು ತಲೆಯಾಡಿಸಿ ಮತ್ತೆ ಎಲೆಗಳತ್ತ ತಿರುಗಿದ. ನಾನು ಕರಬೂಜ ಗಂಟಲಿಗೆ ಸಿಕ್ಕಿದವಳಂತೆ ಕೆಮ್ಮಿದೆ. ಸನ್ಯಾಸಿನಿ ತಮ್ಮ ಎಲೆಗಳನ್ನೇ ನೋಡುತ್ತ ಕೂತಿದ್ದರು.

ಅರ್ಧ ಗಂಟೆಯಲ್ಲಿ ಮುಖ್ಯಸ್ಥ ಸೋತ. ಅಜ್ಜಿ ಕುರ್ಚಿ ಬೀಳಿಸಿ ಎದ್ದು ಅತ್ತೆಯ ಕೆನ್ನೆಗಳನ್ನು ಹಿಂಡಿದಳು. ಚಪ್ಪಾಳೆ ಅಡಗಿದ ಮೇಲೆ ಸನ್ಯಾಸಿನಿ ಮೆಲ್ಲಗೆ ಎದ್ದು ಬಂದು ಅತ್ತೆಯ ಕೈ ಹಿಡಿದರು. ಹಿಡಿದು, ಅಚ್ಚ ಬಾಗಲಕೋಟೆಯ ಕನ್ನಡದಲ್ಲಿ ಹೇಳಿದರು:

"ಭಾಳ ಚೊಲೋ ಆಡಿದ್ರಿ ಅವ್ವಾರ. ಆದ್ರ ಎಲಿ ಆಟಕ್ಕ ದೇವರ ಹೆಸರ ಅಷ್ಟ ಸಲ ತಗೋಬಾರ್ದ್ರಿ."

ಅತ್ತೆಯ ಬಾಯಿಯೊಳಗಿನ ಅಡಿಕೆ ಅಲ್ಲೇ ನಿಂತಿತು. ಅದನ್ನು ದವಡೆಗೆ ಸರಿಸಿ, "ಯಾವ ಊರ್ರಿ ನಿಮ್ದು?" ಎಂದರು.

"ಹುಟ್ಟಿದ್ದು ಇಟಲಿ. ಬಾಗಲಕೋಟಿ ಕಡೆ ದವಾಖಾನ್ಯಾಗ ಮೂವತ್ತ ವರ್ಷ ಬಾಣಂತೇರ್ನ ನೋಡ್ಕೊಂಡಿದ್ದೆ."

"ಮತ್ತ ನೀವು... ಎಲ್ಲಾ ಕೇಳಿಸ್ಕೊಂಡ್ರೂ..."

"ಅಂವಾ ಪ್ರತಿ ವರ್ಷ ಗೆಲ್ತಾನ್ರಿ. ಗೆದ್ದು ಮುಂದಿನ ವರ್ಷದ ಮಟ ಅದನ್ನ ಹೇಳ್ತಾನ. ಒಂದ ಸಲರ ಸೋಲ್ಲಿ ಅಂತ ನಾನೂ ಪ್ರಾರ್ಥನಾ ಮಾಡಕೋತ ಕುಂತಿದ್ದೆ. ನಂದು ಮನಸಿನ್ಯಾಗ, ನಿಮ್ಮದು ಬಾಯಾಗ. ಅಷ್ಟ ಫರಕ."

ಮುಖ್ಯಸ್ಥ ದೂರದಿಂದ, ಏನು ಮಾತು ಎಂದು ಕೇಳಿದ. ಸನ್ಯಾಸಿನಿ ಇಟಾಲಿಯನ್ನಿನಲ್ಲಿ, "ಅಭಿನಂದನೆ ಹೇಳುತ್ತಿದ್ದೇನೆ" ಎಂದರು.

ಅಷ್ಟರಲ್ಲಿ ಬಹುಮಾನ ಬಂತು. ಬಿಳಿ ಬಟ್ಟೆ ಸುತ್ತಿ, ಹಸಿರು-ಬಿಳಿ-ಕೆಂಪು ಪಟ್ಟಿ ಕಟ್ಟಿದ ಉದ್ದನೆಯ ವಸ್ತು. ಒಂದು ತುದಿ ದಪ್ಪ, ಇನ್ನೊಂದು ಸಣ್ಣ. ಅಜ್ಜಿ ತನ್ನ ಪಾಲೂ ಗೆಳತಿಗೇ ಇರಲೆಂದು ಕೈ ಮಾಡಿದಳು. ಅತ್ತೆ ಎರಡೂ ಕೈಯಲ್ಲಿ ತೆಗೆದುಕೊಂಡು ಹಣೆಗೆ ಒತ್ತಿಕೊಂಡರು. "ತಂಬೂರಿ ಏನ?"

ಇಟಲಿಯ ಹಳ್ಳಿಗಳಲ್ಲಿ ಎಲೆಯಾಟ ಗೆದ್ದವರಿಗೆ ಉಪ್ಪು ಹಾಕಿ ಒಣಗಿಸಿದ ಹಂದಿಯ ತೊಡೆ ಕೊಡುವುದು ಪದ್ಧತಿ. ನನಗೆ ಗೊತ್ತಿತ್ತು. ಆ ಗಡಿಬಿಡಿಯಲ್ಲಿ ಮರೆತಿದ್ದೆ. ಕಿವಿಯಲ್ಲಿ ಹೇಳಿದೆ. ಅತ್ತೆ ಆ ತೊಡೆಯನ್ನು ಕೂಸಿನಂತೆ ಹಿಡಿದುಕೊಂಡೇ ಕಲ್ಲಾದರು. ಬಿಟ್ಟರೆ ನೆಲಕ್ಕೆ ಬೀಳುತ್ತದೆ, ಅವಮಾನ; ಹಿಡಿದರೆ ಪಾಪ. ಎಲ್ಲರೂ ನಗುತ್ತ ಫೋಟೋ ತೆಗೆಯುತ್ತಿದ್ದಾರೆ. ಮುಖ್ಯಸ್ಥನ ಕಣ್ಣು ಮಾತ್ರ ಆ ತೊಡೆಯನ್ನು ಬಿಟ್ಟು ಅಲುಗುತ್ತಿರಲಿಲ್ಲ. ಅಂಥದ್ದು ಪುಣೆಯಲ್ಲಿ ಸಿಗುವುದಿಲ್ಲ. ತಾನೇ ಗೆಲ್ಲುತ್ತೇನೆಂಬ ನಂಬಿಕೆಯಲ್ಲಿ ಅವನೇ ತರಿಸಿದ್ದು. ಅತ್ತೆ ಆ ಕಣ್ಣನ್ನು ಕಂಡರು.

"ಇದು ನಿನಗ ಬೇಕೇನಪಾ?" ಎಂದರು. ನಾನು ಅನುವಾದಿಸಿದೆ. ಅವನು ಹುಡುಗನಂತೆ ತಲೆಯಾಡಿಸಿದ.

"ತಗೋ. ಆದ್ರ ಮೊದಲ ನನಗೊಂದು ದೊಡ್ಡ ಕಪ್ ಚಾ ತರಸು, ಹಾಲ ಹಾಕಿದ್ದು. ನಿನಗೂ ಒಂದು. ನನ್ನ ಮುಂದ ಕೂತ ಕುಡೀಬೇಕು."

ನಾನು ಒಂದಕ್ಷರ ಮೆತ್ತಗೆ ಮಾಡದೆ ದಾಟಿಸಿದೆ. ಅಡುಗೆಯಾಕೆ ಆಗಲೇ ಶುಂಠಿ ಜಜ್ಜುವ ಸದ್ದು ಕೇಳಿಸಿತು. ಊಟವಾಗಿ ಮೂರು ಗಂಟೆ ಕಳೆದಿದ್ದ ಆ ಹೊತ್ತಿನಲ್ಲಿ, ಇಡೀ ಇಟಾಲಿಯನ್ ಬಳಗದ ಎದುರು, ಕಾರ್ಖಾನೆಯ ಮುಖ್ಯಸ್ಥ ಗಟ್ಟಿ ಹಾಲಿನ ಚಹಾವನ್ನು ಕಣ್ಣು ಮುಚ್ಚಿ ಗುಟುಕು ಗುಟುಕಾಗಿ ಕುಡಿದ. ಯಾರೋ ಹೆಂಗಸು ಎದೆಯ ಮೇಲೆ ಶಿಲುಬೆ ಗುರುತು ಮಾಡಿಕೊಂಡಳು. ಅತ್ತೆ ಸೊರಸೊರ ಸದ್ದು ಮಾಡುತ್ತ ತಮ್ಮದನ್ನು ಮುಗಿಸಿ, ತೊಡೆಯನ್ನು ಅವನ ಕೈಗಿತ್ತು, ಮನೆಗೆ ಬಂದವರೇ ತಲೆಯ ಮೇಲೆ ನೀರು ಹೊಯ್ದುಕೊಂಡರು.

ಅಲ್ಲಿಗೆ ಮುಗಿಯಿತು ಎಂದುಕೊಂಡಿದ್ದೆ. ಒಂದು ತಿಂಗಳಿಗೆಂದು ಬಂದ ಅತ್ತೆ ಊರಿಗೆ ಹೋಗುವ ಮಾತೇ ಎತ್ತಿರಲಿಲ್ಲ. ಮೂರು ವಾರದ ನಂತರ ಒಂದು ಭಾನುವಾರ ಮುಖ್ಯಸ್ಥ ಮಿಠಾಯಿ ಹಿಡಿದು ನಮ್ಮ ಮನೆಗೇ ಬಂದ. ಉಡುಗೊರೆ ಪಡೆದವರು ಮನೆಗೆ ಹೋಗಿ ಕೃತಜ್ಞತೆ ಹೇಳಬೇಕಂತೆ. ಅತ್ತೆ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ ಮಾಡಿ ಬಡಿಸಿದರು. ಉಂಡಾದ ಮೇಲೆ ಅವನು ಕಿಸೆಯಿಂದ ಎಲೆಯ ಕಟ್ಟು ತೆಗೆದ. ಅಜ್ಜಿ ಅತ್ತೆ ಒಂದು ಕಡೆ, ಅವನೂ ನನ್ನ ಗಂಡನೂ ಇನ್ನೊಂದು ಕಡೆ. ನನ್ನ ಗಂಡನಿಗೆ ಆ ಆಟದ ಗಂಧವೂ ಇಲ್ಲ. ಆದರೂ ಅವರಿಬ್ಬರೇ ಗೆದ್ದರು. ಅತ್ತೆ ಒಂದೇ ಒಂದು ಪ್ರಾರ್ಥನೆ ಮಾಡಲಿಲ್ಲ. ಬದಲಿಗೆ ತುರುಫಿನ ಮೂರನ್ನು ಅವನ ಎಕ್ಕದ ಕೆಳಗೆ ಹೂವಿಟ್ಟಂತೆ ಇಟ್ಟರು. ಮುಖ್ಯಸ್ಥ ಹಿಗ್ಗಿ ಹೊರಟುಹೋದ. ಅಜ್ಜಿ ಮುತ್ತು ಕೊಡದೆ ಮೇಲೆ ಹೋದಳು.

ಮೂರು ದಿನ ಇಬ್ಬರೂ ಮಾತು ಬಿಟ್ಟರು. ಇದ್ದದ್ದೇ ಹದಿಮೂರು ಶಬ್ದ, ಅವೂ ನಿಂತವು. ನಾಲ್ಕನೇ ದಿನ ಅಜ್ಜಿ ಕೆಳಗೆ ಬಂದು ಬಾಗಿಲಲ್ಲೇ ನಿಂತಳು. ನಾನು ನಡುವೆ ಕೂತೆ.

"ಆಕಿಗೆ ಹೇಳ," ಎಂದರು ಅತ್ತೆ, "ಮನಿಗೆ ಉಣ್ಣಾಕ ಬಂದವ್ರನ್ನ ಸೋಲಿಸಿ ಕಳಸೂದು ನಮ್ಮ ಕಡೆ ಇಲ್ಲ."

ಹೇಳಿದೆ. ಅಜ್ಜಿ ಬೆರಳುಗಳನ್ನೆಲ್ಲ ಕೂಡಿಸಿ ಮೊಗ್ಗಿನಂತೆ ಮಾಡಿ ಅತ್ತೆಯ ಮೂಗಿನ ಮುಂದೆ ಅಲುಗಾಡಿಸಿದಳು. "ಇವಳು ಮಹಾ ಕಳ್ಳಿ ಎಂದು ಹೇಳು. ಗೆಲ್ಲಲು ಮಾಡಿದ ಕಳ್ಳತನ ನನಗೆ ಒಪ್ಪಿಗೆ. ಜೊತೆಗಾರ್ತಿಯನ್ನು ಕೇಳದೆ ಸೋಲಲು ಕಳ್ಳತನ ಮಾಡುವುದೇ?"

ನಾನು ಅನ್ನ ಕೊಟ್ಟ ಉದ್ಯೋಗದ ಅಭ್ಯಾಸದಂತೆ, "ನಿಮ್ಮ ಮನಸು ಭಾಳ ದೊಡ್ಡದು ಅಂತಾರ್ರಿ" ಎಂದೆ.

ಅತ್ತೆ ನನ್ನನ್ನೇ ದಿಟ್ಟಿಸಿದರು. "ಮನಸು ದೊಡ್ಡದು ಅನ್ನಾಕ ಹಿಂಗ ಕೈ ಮಾಡ್ತಾರೇನ?" ಎಂದು ತಾವೂ ಬೆರಳು ಕೂಡಿಸಿ ನನ್ನ ಮೂಗಿನ ಮುಂದೆ ಅಲುಗಾಡಿಸಿದರು. "ಏಳ. ನೀ ಒಳಗ ನಡಿ. ನಮ್ಮ ಜಗಳ ನಾವ ಮಾಡ್ಕೋತೀವಿ."

ಅಡುಗೆಮನೆಯಿಂದ ಕೇಳುತ್ತಿದ್ದೆ. ಒಬ್ಬರು ಕನ್ನಡದಲ್ಲಿ, ಇನ್ನೊಬ್ಬರು ಇಟಾಲಿಯನ್ನಿನಲ್ಲಿ, ಒಟ್ಟೊಟ್ಟಿಗೆ, ಉಸಿರು ಬಿಡದೆ. ಕಾಲು ಗಂಟೆಯ ಮೇಲೆ ಸದ್ದು ನಿಂತಿತು. ಹೆದರಿ ಇಣುಕಿದೆ. ಇಬ್ಬರೂ ಸೋಫಾದ ಮೇಲೆ ಭುಜಕ್ಕೆ ಭುಜ ತಾಗಿಸಿ ಅಜ್ಜಿಯ ಫೋನು ನೋಡುತ್ತಿದ್ದರು. ಇಟಲಿಯ ಯಾವುದೋ ಹಾಡಿನ ಸ್ಪರ್ಧೆ. ಬಂಗಾರದ ಬಣ್ಣದ ಚಡ್ಡಿ ತೊಟ್ಟ ಯುವಕನೊಬ್ಬ ಕಣ್ಣೀರು ಸುರಿಸಿ ಹಾಡುತ್ತಿದ್ದ.

"ಈ ಚಡ್ಡಿ ಸುದ್ದಿ ಇವನವ್ವಗ ಗೊತ್ತದೇನು, ಕೇಳ" ಎಂದರು ಅತ್ತೆ.

ಇದನ್ನು ಇದ್ದದ್ದು ಇದ್ದಂತೆಯೇ ದಾಟಿಸಿದೆ. ಅಜ್ಜಿ ಕನ್ನಡಕ ಏರಿಸಿಕೊಂಡು ಪರದೆಗೆ ಬಗ್ಗಿ ಚಡ್ಡಿಯನ್ನು ಕೂಲಂಕಷವಾಗಿ ಪರೀಕ್ಷಿಸಿದಳು.

"ಹೊಲಿಗೆ ನೋಡಿದರೆ," ಎಂದಳು, "ಅವಳೇ ಹೊಲಿದು ಕೊಟ್ಟಂತಿದೆ."